ಅವ್ವನಿಗೆ ಆಡಿದ ಹರಳು

ನಮ್ಮವ್ವ ಸತ್ತ ಮೇಲೂ ಆರು ದಿನ ನಾನು ಅವಳ ಜೊತೆ ಮಾತಾಡಿದೆ. ಅವಳು ಸತ್ತಿದ್ದು ಊರಿಗೆಲ್ಲ ಗೊತ್ತಿತ್ತು. ನನಗೆ ಗೊತ್ತಿರಲಿಲ್ಲ. ಗೊತ್ತಾಗದ ಹಾಗೆ ನೋಡಿಕೊಂಡರು. ಯಾಕೆಂದರೆ ಆಗ ನನ್ನ ತೊಡೆಯ ಮೇಲೆ ಗಂಗಾಧರಪ್ಪನವರ ಹರಳು ಇತ್ತು.

ನಿಮ್ಮ ಕಡೆ ಹರಳು ಹೇಗೆ ಎಬ್ಬಿಸುತ್ತಾರೋ ನಾನು ಕಾಣೆ. ನಮ್ಮ ಕಡೆಯದು ಹೇಳುತ್ತೇನೆ. ನಮ್ಮದು ಹನಗೋಡಿನಿಂದ ಕಾಡಿನ ಕಡೆಗೆ ಹೋದರೆ ಸಿಗುವ ಒಂದು ಕೊಪ್ಪಲು. ಹೊಲ ಉಳುವಾಗ ಬೆಣಚುಕಲ್ಲಿನ ಜೊತೆ ಹರಳು ಏಳುತ್ತವೆ. ತೆಂಗಿನಕಾಯಿ ಗಾತ್ರ, ಗಾಜಿನ ಬಣ್ಣ, ಆರು ಮುಖ. ಮಣ್ಣಿನಿಂದ ಬಂದಾಗ ಅದು ಮೂಕ. ಒಬ್ಬರೇ ಕೂತು, ಹನ್ನೊಂದು ದಿನ, ಬೆಳಗಿನಿಂದ ದೀಪ ಹಚ್ಚುವ ಹೊತ್ತಿನ ತನಕ ಅದಕ್ಕೆ ಮಾತಾಡಿದರೆ ಹರಳಿಗೆ ಬಾಯಿ ಬರುತ್ತದೆ. ಒಳಗೆ ಅರಿಸಿನದ ನೀರಿನಂಥ ಒಂದು ಬೆಳಕು ಕೂರುತ್ತದೆ. ಬಾಯಿ ಬಂದ ಹರಳನ್ನು ಬದುವಿನಲ್ಲಿ ಮೊಣಕಾಲುದ್ದದ ಗುಂಡಿ ತೆಗೆದು ಹೂತರೆ ಆನೆ ಆ ಬದು ದಾಟುವುದಿಲ್ಲ. ಮಣ್ಣಿನೊಳಗೆ ಮನುಷ್ಯರು ಮಾತಾಡುತ್ತಿರುವುದು ಆನೆಯ ಪಾದಕ್ಕೆ ಕೇಳುತ್ತದೆ. ನಾವು ಕಿವಿ ಇಟ್ಟರೆ ಜೇನುಹುಳದ ಸದ್ದು ಅಷ್ಟೆ. ಮಾತಾಡಿದವರು ಕಿವಿ ಇಟ್ಟರೆ ಮಾತ್ರ ಮಾತು ಮಾತಾಗಿಯೇ ಕೇಳುತ್ತದೆ.

ಹನ್ನೊಂದು ದಿನದ ನಡುವೆ ಬೇರೆ ಮನುಷ್ಯರ ದನಿ ಹರಳಿಗೆ ಬೀಳಬಾರದು. ಅಳುವೂ ಬೀಳಬಾರದು. ಬಿದ್ದರೆ ಒಳಗೆ ಹಾಲು ಒಡೆದ ಹಾಗೆ ಬೆಳ್ಳಗಾಗಿ ಹರಳು ಸತ್ತುಹೋಗುತ್ತದೆ. ಅದಕ್ಕೇ ಊರಿನಾಚೆ ಒಂದು ಗುಡ್ಲು. ಕಿಟಕಿ ಇಲ್ಲ. ಒಂದು ಬಾಗಿಲು, ಅದೂ ಕಾಡಿನ ಕಡೆಗೆ.

ಅಲ್ಲಿ ಕೂರುವವರು ನಾವು, ಕೇರಿಯವರು. ಹೊಲ ಇರುವವರು ಮಾತಾಡಿದರೂ ಹರಳು ಏಳುತ್ತದೆ. ಅದಕ್ಕೆ ಜಾತಿ ಗೊತ್ತಿಲ್ಲ. ಆದರೆ ಮನೆ ಬಿಟ್ಟು, ಮಂದಿ ಬಿಟ್ಟು, ಗಂಟಲು ಹರಿದುಕೊಳ್ಳಲು ಅವರಿಗೆ ಯಾವ ಕರ್ಮ? ಅದೂ ಅಲ್ಲದೆ ಹರಳಿಗೆ ಒಂಟಿ ದನಿ ಬೇಕು. ಮನೆ ತುಂಬ ಮಕ್ಕಳಿರುವ ಹೆಂಗಸು ಕೂತರೆ ಹರಳು ಒಂದೇ ಮಳೆಗಾಲಕ್ಕೆ ತಣ್ಣಗಾಗುತ್ತದೆ. ಯಾರೂ ಇಲ್ಲದವಳು ಕೂತರೆ ಮೂರು ವರ್ಷ ಬರುತ್ತದೆ. ಊರವರು ಇದನ್ನು ಬಹಳ ಹಿಂದೆಯೇ ಕಂಡುಕೊಂಡಿದ್ದಾರೆ. ಕಂಡುಕೊಂಡ ಮೇಲೆ ಸುಮ್ಮನಿರುತ್ತಾರೆಯೇ.

ನನ್ನ ಹೆಸರು ಮರಮ್ಮ. ಚಿಕ್ಕವಳಿದ್ದಾಗಿನಿಂದ ನನಗೆ ಮಾತು ಜಾಸ್ತಿ. ನಲ್ಲಿಯ ಹತ್ತಿರ, ಬಸ್ಸಿನಲ್ಲಿ, ಕಳೆ ಕೀಳುವ ಸಾಲಿನಲ್ಲಿ, ಎಲ್ಲಿ ಕೂತರೂ ನನ್ನ ಸುತ್ತ ನಾಲ್ಕು ಜನ ಇರುತ್ತಿದ್ದರು. ಕಂಪಲಾಪುರದಲ್ಲಿ ತರಕಾರಿ ಮಾರುವವನು ಕೂಗುವ ಹಾಗೆ ಕೂಗಿ ತೋರಿಸುತ್ತಿದ್ದೆ. ಬಸ್ಸಿನ ಕಂಡಕ್ಟರು ಚಿಲ್ಲರೆ ಇಲ್ಲ ಅಂತ ಮುಖ ತಿರುಗಿಸುವುದನ್ನು ಮಾಡಿ ತೋರಿಸಿದರೆ ಹೆಂಗಸರು ಹೊಟ್ಟೆ ಹಿಡಿದುಕೊಳ್ಳುತ್ತಿದ್ದರು. ಹದಿನೇಳನೇ ವಯಸ್ಸಿನಲ್ಲಿ ಗಂಗಾಧರಪ್ಪನವರ ಚಪ್ಪರದಲ್ಲಿ ಹೊಗೆಸೊಪ್ಪು ಪೋಣಿಸುತ್ತ ಕೂತಿದ್ದೆ. ಅವರ ತಂದೆ ಆಗ ಬದುಕಿದ್ದರು. ನನ್ನ ಮಾತು ಕೇಳಿಸಿಕೊಂಡು ಹೇಳಿದರು:

"ಈ ಹುಡ್ಗಿ ಬಾಯಿ ಸುಮ್ಸುಮ್ನೆ ದಂಡ ಆಯ್ತಾದೆ. ಹರಳಿಗೆ ಕೂರ್ಸಿ."

ಕೂರಿಸಿದರು. ಇಪ್ಪತ್ತೆರಡು ವರ್ಷವಾಯಿತು. ನಡುವೆ ಎನ್. ಬೇಗೂರಿನ ಕಡೆಯಿಂದ ಒಂದು ಗಂಡು ನೋಡಲು ಬಂದಿತ್ತು. ಒಳ್ಳೆಯ ಹುಡುಗ, ಅವನೂ ಮಾತುಗಾರ. ಊರವರು ಅವನ ಅಪ್ಪನನ್ನು ಅಂಗಡಿಯ ಹತ್ತಿರ ಕೂರಿಸಿಕೊಂಡು ಟೀ ಕೊಡಿಸಿದರು. "ಆ ಹೆಣ್ಣು ವರ್ಸಕ್ಕೆ ಆರು ಸಲ ಗುಡ್ಲಲ್ಲಿ ಕೂರ್ತಾಳೆ, ಆವಾಗ ನಿಮ್ ಹುಡುಗನ್ಗೆ ಮುದ್ದೆ ತೊಳ್ಸೋರು ಯಾರಪ್ಪ?" ಅಂತ ಕೇಳಿದರು. ಗಂಡಿನವರು ಮತ್ತೆ ಬರಲಿಲ್ಲ. ಮನೆಯಲ್ಲಿ ಉಳಿದವರು ನಾನು ಮತ್ತು ಅವ್ವ. ಅವ್ವನ ಹೆಸರು ಕುಳ್ಳಮ್ಮ. ಹೆಸರಿಗೆ ತಕ್ಕ ಹಾಗೆ ನನ್ನ ಭುಜಕ್ಕೆ ಬರುತ್ತಿದ್ದಳು.

ಊರ ಬೀದಿಯಲ್ಲಿ ನಾನು ಸೆರಗಿನಿಂದ ಬಾಯಿ ಮುಚ್ಚಿಕೊಂಡು ನಡೆಯಬೇಕು. ನನ್ನ ದನಿ ಹೂತ ಹರಳಿಗೆ ಬಿದ್ದರೆ ಹರಳು ನನ್ನ ಕಡೆ ತಿರುಗಿಬಿಡುತ್ತದಂತೆ. ನಾನು ಎಬ್ಬಿಸಿದ ಹರಳು ಇರುವ ಹೊಲಕ್ಕೆ ಕಾಲಿಡುವ ಹಾಗಿಲ್ಲ, ಕೂಲಿಗೂ ಇಲ್ಲ. ಅಂಗಡಿಯಲ್ಲಿ ಬೆರಳು ತೋರಿಸಿ ಸಾಮಾನು ತಗೊಳ್ಳಬೇಕು. ಒಂದು ಸಲ ಅಂಗಡಿಯ ಮುಂದೆ ಕೆಮ್ಮು ಬಂತು. ಕೆಮ್ಮಿದೆ. ಬೆಂಚಿನ ಮೇಲೆ ಗಂಗಾಧರಪ್ಪನವರ ಮಗ ಗೌರೀಶ ಕೂತಿದ್ದ.

"ಬಾಯ್ಗೆ ಇನ್ನೊಸಿ ಬಟ್ಟೆ ತುರ್ಕಳಮ್ಮಿ. ಆನೆ ಬಂದ್ಬುಟ್ಟಾವು."

ಜೊತೆಯಲ್ಲಿದ್ದವರು ನಕ್ಕರು. ನಾನೂ ನಕ್ಕೆ. ಸೆರಗಿನೊಳಗೆ ನಕ್ಕರೆ ಯಾರಿಗೆ ಕಾಣುತ್ತದೆ.

ಇದೇ ಗೌರೀಶ ಒಂದು ವರ್ಷ ನನ್ನ ಮಾತನ್ನು ಮೊಬೈಲಿನಲ್ಲಿ ಹಿಡಿದುಕೊಂಡು ಹೋಗಿ, ಮೂಕ ಹರಳಿನ ಮುಂದೆ ಸ್ಪೀಕರ್ ಇಟ್ಟು ಹನ್ನೊಂದು ದಿನ ಹಾಕಿದ. ಹರಳು ಮಿಸುಕಲಿಲ್ಲ. ಅವನ ತಾಯಿ ಸುಂದ್ರಮ್ಮನವರು ಅಂದರಂತೆ: "ಉಸ್ರಿಲ್ದೆ ಇರೋ ಮಾತು ಕಣಪ್ಪ ಅದು. ಕರೆಂಟ್ ಬಿಲ್ಲು ಬಂತೇ ಹೊರ್ತು ಹರಳಿಗೆ ಬಾಯಿ ಬರ್ನಿಲ್ಲ." ಕೇರಿಯಲ್ಲಿ ಒಂದು ವಾರ ಇದೇ ನಗು.

ಈ ಶ್ರಾವಣದಲ್ಲಿ ಗಂಗಾಧರಪ್ಪನವರು ಬಾಳೆತೋಟದ ಮೂಲೆಹರಳನ್ನು ಬದಲಾಯಿಸಲು ಹೊರಟರು. ಹಳೆಯದು ಇನ್ನೂ ತಣ್ಣಗಾಗಿರಲಿಲ್ಲ. ಆದರೆ ಅವರು ಹುಷಾರಿನ ಮನುಷ್ಯ. ಕಾಡಿಗೆ ಮುಖ ಮಾಡಿರುವ ಮೂಲೆ ಅದು. ಪಕ್ಕದಲ್ಲೇ ನಮ್ಮ ಕೇರಿ. ಹೊಸ ಹರಳು ತಂದು ನನ್ನ ಮುಂದೆ ನೆಲದ ಮೇಲಿಟ್ಟರು. ನಾನು ಎತ್ತಿಕೊಂಡು ಗುಡ್ಲಿಗೆ ಹೋದೆ.

ಹರಳು ಎಳೆಗೂಸಿನಷ್ಟು ಭಾರ. ತೊಡೆಯ ಮೇಲಿಟ್ಟುಕೊಂಡು, ಉಸಿರು ತಾಗುವಷ್ಟು ಬಾಗಿ ಮಾತಾಡಬೇಕು. ಮೊದಲನೇ ದಿನ ಸೊಂಟ ಹಿಡಿಯುತ್ತದೆ. ಎರಡನೇ ದಿನ ದವಡೆ. ಮೂರನೇ ದಿನ ತುಟಿ ಒಡೆಯುತ್ತದೆ. ನಾಲ್ಕನೇ ದಿನದಿಂದ ಉಗುಳಿನಲ್ಲಿ ಕೆಂಪು ಕಾಣುತ್ತದೆ. ತೊಡೆಗೆ ಮುಳ್ಳು ಚುಚ್ಚಿದರೂ ತಿಳಿಯದ ಹಾಗೆ ಜೋಮು. ಆದರೆ ಅದೆಲ್ಲ ಮೈಯದು. ಕಷ್ಟ ಅದಲ್ಲ. ಯಾರಿಗೆ ಅಂತ ಮಾತಾಡುವುದು? ಗೋಡೆಗೆ ಆಡಿದ ಹಾಗೆ ಆಡಿದರೆ ಹರಳು ಹಿಡಿಯುವುದಿಲ್ಲ. ಎದುರಿಗೆ ಒಬ್ಬರು ಕೂತಿದ್ದಾರೆ, ಹೂಂ ಅನ್ನುತ್ತಿದ್ದಾರೆ ಅಂದುಕೊಂಡೇ ಆಡಬೇಕು. ಹೂಂ ಅನ್ನುವವರು ಇಲ್ಲ. ಹನ್ನೊಂದು ದಿನ ಇಲ್ಲ.

ನಾನು ಅವ್ವನಿಗೆ ಆಡುತ್ತಿದ್ದೆ. ಮೊದಲಿನಿಂದಲೂ ಅವ್ವನಿಗೇ.

ಊಟ ತರುತ್ತಿದ್ದವಳೂ ಅವ್ವನೇ. ಗುಡ್ಲಿನಿಂದ ಇಪ್ಪತ್ತು ಮಾರು ದೂರದಲ್ಲಿ ಒಂದು ಹಾಸುಗಲ್ಲಿದೆ. ಅದರ ಮೇಲೆ ತಟ್ಟೆ ಇಟ್ಟು, ಸೌಟಿನಿಂದ ತಟ್ಟಿ, ಬಾಯಿ ಬಿಡದೆ ವಾಪಸು ಹೋಗಬೇಕು. ತಟ್ಟಿದ ಮೇಲೆ ನೂರು ಎಣಿಸುವಷ್ಟು ಹೊತ್ತು ಬಿಟ್ಟು ನಾನು ಹೊರಗೆ ಬರಬೇಕು. ಅವ್ವ ಮೂರು ಸಲ ತಟ್ಟುತ್ತಿದ್ದಳು. ಎರಡು ಬೇಗ ಬೇಗ, ಸ್ವಲ್ಪ ಬಿಟ್ಟು ಇನ್ನೊಂದು. ಮಾತು ಆಡುವ ಹಾಗಿಲ್ಲವಲ್ಲ, ಅದಕ್ಕೆ. ನನ್ನ ಮಟ್ಟಿಗೆ ಅದು, ಉಂಡ್ಕಳವ್ವ ಅಂದ ಹಾಗೆ.

ಆರನೇ ದಿನ ಒಂದೇ ಸಲ ಸದ್ದಾಯಿತು. ಜೋರಾಗಿ. ಹೊರಗೆ ಬಂದು ನೋಡಿದರೆ ಮುದ್ದೆ ಗಂಟುಗಂಟು. ಉಪ್ಸಾರು ಬಾಯಿಗಿಡಲಾಗದಷ್ಟು ಉಪ್ಪು. ಒಡೆದ ತುಟಿಗೆ ಉರಿ ಹತ್ತಿತು. ಅವ್ವನ ಕಣ್ಣು ಮಂಜಾಗುತ್ತಿತ್ತು, ಅದಕ್ಕೇ ಎರಡು ಸಲ ಉಪ್ಪು ಹಾಕಿದ್ದಾಳೆ ಅಂದುಕೊಂಡೆ. ಒಳಗೆ ಹೋಗಿ ಹರಳಿಗೆ ಬಾಗಿ ಹೇಳಿದೆ: "ಅವ್ವಾ, ಉಪ್ಪು ಎಲ್ಡ್ ದಪ ಹಾಕ್ಬುಟ್ಟಿದ್ದೀಯ ಕಣೆ. ಕಣ್ಣು ಕಾಣಾಕಿಲ್ವಾ? ಈ ಹರಳು ಮುಗೀಲಿ, ಕೋಟೆ ಆಸ್ಪತ್ರೇಲಿ ತೋರ್ಸನ ಬುಡು."

ಏಳನೇ ದಿನವೂ ಒಂದೇ ಸದ್ದು. ಎಂಟನೇ ದಿನವೂ. ಕೈ ನೋವೇನೋ ಅಂದುಕೊಂಡೆ. ಸೌದೆ ಹೊರಬೇಡ ಅಂತ ಬೈದೆ. ಆಸ್ಪತ್ರೆಗೆ ಯಾವ ಬಸ್ಸಿಗೆ ಹೋಗುವುದು, ಅಲ್ಲಿ ಯಾವ ಹೋಟೆಲಿನಲ್ಲಿ ಇಡ್ಲಿ ತಿನ್ನುವುದು, ಕನ್ನಡಕ ಹಾಕಿಕೊಂಡರೆ ಅವಳ ಮೂಗು ಹೇಗೆ ಕಾಣುತ್ತದೆ, ಎಲ್ಲ ಹೇಳಿದೆ. ಬೇಗೂರಿನ ಆ ಹುಡುಗನ ವಿಷಯವನ್ನೂ ಹೇಳಿದೆ. ಅವನು ನನಗೆ ಇಷ್ಟವಾಗಿದ್ದ ಅಂತ ಅವಳಿಗೆ ಯಾವತ್ತೂ ಹೇಳಿರಲಿಲ್ಲ. ಹತ್ತನೇ ದಿನ ಹೇಳಿದೆ. ಯಾಕೋ ಹೇಳಬೇಕು ಅನ್ನಿಸಿತು. ನನಗೆ ಗೊತ್ತಾಗಬೇಕಿತ್ತು. ಮೂರು ಸಲ ತಟ್ಟುವವಳು ಒಂದು ಸಲ ತಟ್ಟಿ ಹೋಗುವುದಿಲ್ಲ. ಕೈ ಮುರಿದರೂ ಹೋಗುವುದಿಲ್ಲ.

ಹನ್ನೊಂದನೇ ದಿನ, ಮಾತು ಮುಗಿಯುವ ಹೊತ್ತಿಗೆ, ಗಂಗಾಧರಪ್ಪನವರು ತಾಮ್ರದ ಚೊಂಬು, ಹೊಸ ಪಂಚೆ ತಗೊಂಡು ಬಂದರು. ನಾನು ಹರಳನ್ನು ನೆಲದಲ್ಲಿಟ್ಟು ಏಳು ಹೆಜ್ಜೆ ಹಿಂದೆ ಸರಿದೆ. ಅವರು ಎತ್ತರದಿಂದ ನೀರು ಹೊಯ್ದರು. ನನ್ನ ಉಗುಳು ತೊಳೆದುಹೋಗಬೇಕು, ಮಾತು ಉಳಿಯಬೇಕು. ಆಮೇಲೆ ಪಂಚೆಯಲ್ಲಿ ಹಿಡಿದು ಇಳಿಬಿಸಿಲಿಗೆ ಎತ್ತಿದರು. ಅವರ ಮುಖವೆಲ್ಲ ಹಳದಿಯಾಯಿತು.

"ಅಬ್ಬಬ್ಬ. ಇಂಥದ್ದ ನೀನು ಇಪ್ಪತ್ತೆರಡು ವರ್ಸದಲ್ಲಿ ಎಬ್ಸಿರ್ನಿಲ್ಲ ಕಣಮ್ಮಿ. ನಾಕು ವರ್ಸ ಬತ್ತದೆ ಇದು."

"ನಮ್ಮವ್ವ ಬರ್ನಿಲ್ವಾ ಬುದ್ಧಿ?"

ಪ್ರತಿ ಸಲ ಅವ್ವ ಬಿಸಿನೀರು, ಬೆಲ್ಲ ತಗೊಂಡು ಬಂದು ಬೇಲಿಯ ಹತ್ತಿರ ನಿಂತಿರುತ್ತಿದ್ದಳು. ಗಂಗಾಧರಪ್ಪನವರು ಹರಳನ್ನು ಪಂಚೆಯಲ್ಲಿ ಸುತ್ತಿದರು. ಗಂಟು ಹಾಕಿದರು. ಗಂಟು ಬಿಗಿಯಾಗಿದೆಯಾ ಅಂತ ಎಳೆದು ನೋಡಿದರು. ಆಮೇಲೆ ಬೇಲಿಯ ಕಡೆ ತಿರುಗಿ ಕೂಗಿದರು.

"ಪುಟ್ಟಿ, ಬಾರಮ್ಮಿ. ಇನ್ನು ಹೇಳು."

ಪುಟ್ಟಿ ನಮ್ಮ ಪಕ್ಕದ ಮನೆಯವಳು. ನನಗಿಂತ ನಾಲ್ಕು ವರ್ಷ ಚಿಕ್ಕವಳು. ಬೇಲಿಯ ಆಚೆಯಿಂದ ಬಂದು ನನ್ನ ಕಾಲ ಹತ್ತಿರ ಕುಕ್ಕರಗಾಲಲ್ಲಿ ಕೂತಳು.

"ಅಕ್ಕ, ನನ್ ಬೈಬ್ಯಾಡ ಕಣಕ್ಕ."

ಅಷ್ಟರಲ್ಲೇ ತಿಳಿಯಿತು. ಆದರೂ ಕೇಳಿದೆ.

"ಯಾವತ್ತು?"

"ಐದ್ನೇ ದಿನ. ಸಂಜೆ ಮುಂದೆ. ಸೌದೆ ಹೊತ್ಕಂಡ್ ಬತ್ತಿದ್ಲು. ಕೇರಿ ಬಾಯ್ನಲ್ಲೇ ನಿಂತಿತ್ತು ಒಂಟಿ ಸಲಗ. ಅವಳ್ಗೆ ಕಾಣ್ನಿಲ್ಲ ಕಣಕ್ಕ. ನಾವು ಕೂಕ್ಕಂಡೊ. ಯಾವ್ ಕಡೆ ಓಡ್ಬೇಕು ಅಂತ ಗೊತ್ತಾಗ್ದೆ ಅದ್ರ ಕಡೇಕೆ ಓಡ್ಬುಟ್ಲು."

"ಮಣ್ಣು?"

"ಮಾರ್ನೇ ದಿನ್ವೇ. ಕುಮಾರಣ್ಣ ಮಣ್ಣಾಕ್ತು."

ನಾನು ಗಂಗಾಧರಪ್ಪನವರ ಮುಖ ನೋಡಿದೆ. ಅವರು ಹರಳಿನ ಗಂಟನ್ನು ಎದೆಗೆ ಒತ್ತಿ ಹಿಡಿದುಕೊಂಡಿದ್ದರು.

"ಹೇಳಿದ್ರೆ ಏನ್ ಮಾಡ್ತಿದ್ದೆ ಮರಮ್ಮ? ಅತ್ತಿರ್ತಿದ್ದೆ. ಹರಳು ಸತ್ತೋಗಿರದು. ಸತ್ತೋಳೇನು ಎದ್ದು ಬರ್ತಿದ್ಲಾ?"

ಗದರಿಸಿ ಹೇಳಲಿಲ್ಲ. ಮಳೆ ಬಂದಿದ್ದರಿಂದ ಹೊಗೆಸೊಪ್ಪು ಒಣಗಲಿಲ್ಲ ಅನ್ನುವ ಹಾಗೆ ಹೇಳಿದರು. ಹೇಳಿ ಹೊರಟುಹೋದರು. ಹರಳು ರಾತ್ರಿ ಅವರ ದೇವರಮನೆಯಲ್ಲಿ ಇರಬೇಕು, ಬೆಳಿಗ್ಗೆ ಹೂಳಬೇಕು, ಅದಕ್ಕೆ ಹೊತ್ತಾಗುತ್ತಿತ್ತು.

ನಮ್ಮ ಕೇರಿಗೆ ಬೇರೆ ಸ್ಮಶಾನ ಇಲ್ಲ. ಕಾಡಿನ ಕಡೆ, ಕೇರಿಯ ಬಾಯಲ್ಲಿ ಒಂದು ತುಂಡು ಗೋಮಾಳ ಇದೆ. ಅಲ್ಲೇ ಅವ್ವನ ಗುಂಡಿ. ಮಣ್ಣು ಇನ್ನೂ ಉಬ್ಬಿಕೊಂಡಿತ್ತು. ಅಲ್ಲಿ ನಿಂತರೆ ಎಲ್ಲ ಕಾಣುತ್ತದೆ. ಎಡಕ್ಕೆ ಗಂಗಾಧರಪ್ಪನವರ ಬಾಳೆ, ಬದುವಿಗೆ ಹರಳು. ಬಲಕ್ಕೆ ಅವರ ದಾಯಾದಿಗಳ ಮುಸುಕಿನ ಜೋಳ, ಅಲ್ಲೂ ಹರಳು. ಎರಡರಲ್ಲೂ ನನ್ನ ದನಿ. ಕಾಡಿನಿಂದ ಕೆರೆಗೆ ಹೊರಟ ಆನೆಗೆ ಎಡಗಡೆಯಿಂದಲೂ ನಾನು ಕೇಳುತ್ತೇನೆ, ಬಲಗಡೆಯಿಂದಲೂ ನಾನೇ ಕೇಳುತ್ತೇನೆ. ನಡುವೆ ಸದ್ದಿಲ್ಲದ ಜಾಗ ಒಂದೇ. ಮೂವತ್ತೆರಡು ಮನೆಯ ನಮ್ಮ ಕೇರಿ.

ಪುಟ್ಟಿ ಹಿಂದೆಯೇ ಬಂದಿದ್ದಳು.

"ಒಂದ್ ಮಾತು ಆಚೆ ಬುಟ್ರೆ ನಾಳೆಯಿಂದ ಇಡೀ ಕೇರಿಗೆ ಕೆಲ್ಸ ಇಲ್ಲ ಅಂದ್ರು ಕಣಕ್ಕ. ಗಂಡಸ್ರೆಲ್ಲ ತಲೆ ತಗ್ಗಿಸ್ಕಂಡ್ರು. ನಾನೂ ತಗ್ಗಿಸ್ದೆ. ತಟ್ಟೆ ತತ್ತಿದ್ನಲ್ಲ, ನೀನು ಒಳಗೆ ಅವ್ವಾ ಅವ್ವಾ ಅಂತಿದ್ದೆ. ಕಿವಿಗೆ ಹತ್ತಿ ಇಟ್ಕಂಡು ಬತ್ತಿದ್ದೆ ನಾನು."

ಅವಳನ್ನು ಹೊಡೆಯಬೇಕು ಅನ್ನಿಸಿತು.

"ಉಪ್ಪು ಜಾಸ್ತಿ ಹಾಕ್ತೀಯ ಕಣೆ ನೀನು," ಅಂದೆ.

ಅವಳು ಅಲ್ಲೇ ಮಣ್ಣಿನಲ್ಲಿ ಕೂತು ಅತ್ತಳು. ನನಗೆ ಅಳು ಬರಲಿಲ್ಲ. ಹನ್ನೊಂದು ದಿನ ಅಳಬಾರದು ಅಂತ ಕಲಿತ ಮೈ ಇದು. ಹನ್ನೆರಡನೇ ದಿನ ಬಾ ಅಂದರೆ ಅಳು ಬರುತ್ತದೆಯೇ.

ಮನೆಗೆ ಹೋದೆ. ಒಲೆಯ ಮುಂದೆ ಅವ್ವನ ಮಣೆ ಇತ್ತು. ಏನೋ ಹೇಳಲು ಬಾಯಿ ತೆರೆದೆ. ನಲ್ಲಿ ನೀರು ಬಂತು ಅಂತಲೋ, ಬೆಕ್ಕು ಮರಿ ಹಾಕಿದೆ ಅಂತಲೋ, ಅಂಥದ್ದೇ ಏನೋ. ಬಾಯಿ ತೆರೆದದ್ದು ತೆರೆದಂತೆಯೇ ಇತ್ತು. ನಾಲ್ಕು ದಿನ ಹೀಗೇ ಹೋಯಿತು. ಕೇರಿಯವರು ಬಂದು ಕೂರುತ್ತಿದ್ದರು. ಆದರೆ ನನ್ನ ಮುಖ ನೋಡುತ್ತಿರಲಿಲ್ಲ. ಆರು ದಿನ ಬಾಯಿ ಮುಚ್ಚಿಕೊಂಡಿದ್ದವರಿಗೆ ಏಳನೇ ದಿನ ಏನು ಮಾತಾಡಬೇಕು ಅಂತ ತಿಳಿಯುವುದಿಲ್ಲ. ಟೀ ಕುಡಿದು ಎದ್ದು ಹೋಗುತ್ತಿದ್ದರು.

ಐದನೇ ದಿನ ಗಂಗಾಧರಪ್ಪನವರೂ ಗೌರೀಶನೂ ಜೀಪಿನಲ್ಲಿ ಬಂದರು. ಕೇರಿಯ ಒಳಗೆ ಬರಲಿಲ್ಲ. ಜೀಪು ಕೇರಿಯ ಈಚೆ ನಿಲ್ಲಿಸಿ ಹೇಳಿ ಕಳಿಸಿದರು. ಹೋದೆ. ಬಾನೆಟ್ಟಿನ ಮೇಲೆ ಮೂರು ಮೂಕ ಹರಳನ್ನು ಸಾಲಾಗಿ ಇಟ್ಟಿದ್ದರು.

"ಮೂಲೆಹರಳು ಊತ ಮೇಲೆ ಬದುವಿನ ಹತ್ರಕ್ಕೆ ಒಂದ್ ಮೊಲವೂ ಬಂದಿಲ್ಲ ಕಣಮ್ಮಿ," ಅಂದರು ಗಂಗಾಧರಪ್ಪನವರು. "ಹಳೇದ್ನ ನಮ್ ನೆಂಟ್ರಿಗೆ ಕೊಟ್ಟೆ, ಇನ್ನೂ ಬೇಕು ಅಂತಾವ್ರೆ. ನಿನ್ ದುಃಖ ನನಗೂ ಗೊತ್ತದೆ. ಸುಮ್ನೆ ಮನೇಲಿ ಕೂತ್ರೆ ಇನ್ನೂ ಜಾಸ್ತಿ ಆಯ್ತದೆ. ಕೆಲ್ಸಕ್ಕೆ ಕೂತ್ಕೊ."

ಗೌರೀಶ ಒಂದು ಹರಳನ್ನು ಬಿಸಿಲಿಗೆ ತಿರುಗಿಸಿ ನೋಡುತ್ತಿದ್ದ. "ಈಗ ಮನೇಲಿ ಯಾರೂ ಇಲ್ವಲ್ಲ. ದನಿ ಒಳ್ಳೆ ಹದಕ್ಕೆ ಬಂದದೆ," ಅಂದ. ನನಗೆ ಹೇಳಲಿಲ್ಲ. ಅಪ್ಪನಿಗೆ ಹೇಳಿದ. ಮಾರುವ ಹಸುವಿನ ಮುಂದೆ ನಿಂತು ಅದರ ಕೆಚ್ಚಲಿನ ಮಾತಾಡುತ್ತಾರಲ್ಲ, ಹಾಗೆ.

ಆದರೂ ನಾನು ಕೇಳಿದೆ. ಕೇಳಬೇಕಾದ್ದನ್ನು ಸರಿಯಾಗಿಯೇ ಕೇಳಿದೆ.

"ಮೂರೂ ಎಬ್ಸಿ ಕೊಡ್ತೀನಿ ಬುದ್ಧಿ. ಒಂದ ಕೇರಿಗ್ ಬುಡಿ. ಕೇರಿ ಬಾಯ್ಗೆ ಊತ್ಕತೀವಿ."

"ಕೇರಿಗೆ ಪಹಣಿ ಎಲ್ಲದೆ? ಪಹಣಿ ಇಲ್ದಿದ್ ಜಾಗಕ್ಕೆ ಹರಳು ಊಳೋ ಪದ್ಧತಿ ಇಲ್ಲ."

"ಆನೆ ಪಹಣಿ ಕೇಳ್ಕಂಡು ಬತ್ತದಾ ಬುದ್ಧಿ?"

ಗೌರೀಶ ತಲೆ ಎತ್ತಿದ. ಗಂಗಾಧರಪ್ಪನವರಿಗೆ ಕೋಪ ಬರಲಿಲ್ಲ. ತಿಳಿಯದವರಿಗೆ ತಿಳಿಸಿ ಹೇಳುವ ಹಾಗೆ ಸ್ವಲ್ಪ ಬಾಗಿ ಹೇಳಿದರು.

"ನೀನು ತಿಳ್ದೋಳು. ನೀನೇ ಯೋಚ್ನೆ ಮಾಡು. ಎಲ್ಲಾ ಕಡೇನೂ ಮುಚ್ಬುಟ್ರೆ ಆನೆ ಎಲ್ಲಿಗೋಗ್ಬೇಕು? ಅದಕ್ಕೂ ಕೆರೆಗೆ ಹೋಗಾಕೆ ಒಂದು ದಾರಿ ಬೇಕಲ್ವಾ?"

ಇಷ್ಟು ವರ್ಷ ಕೇರಿಯನ್ನು ಮರೆತಿದ್ದಾರೆ ಅಂದುಕೊಂಡಿದ್ದೆ. ನೆನಪಿಸಿದರೆ ಕೊಡುತ್ತಾರೆ ಅಂದುಕೊಂಡಿದ್ದೆ. ಅವರು ಮರೆತಿರಲಿಲ್ಲ. ಲೆಕ್ಕ ಹಾಕಿ, ಅಳೆದು, ನಮ್ಮ ಬಾಗಿಲ ಮುಂದೆ ದಾರಿ ಬಿಟ್ಟಿದ್ದರು. ಆ ದಾರಿಯ ಎರಡೂ ಗೋಡೆಯನ್ನು ನಾನೇ ಕಟ್ಟಿದ್ದೆ. ಈ ಬಾಯಿಂದ.

"ಆಗಾಕಿಲ್ಲ," ಅಂದೆ.

"ಏನು ಆಗಾಕಿಲ್ಲ?"

"ಕೂರಾಕಿಲ್ಲ ನಾನು."

"ದುಃಖದಲ್ಲವ್ಳೆ ನಡಿ," ಅಂತ ಅವರು ಮಗನಿಗೆ ಹೇಳಿದರು. ಮೂರೂ ಹರಳನ್ನು ರಸ್ತೆಯ ಪಕ್ಕ ಇಳಿಸಿ ಹೋದರು. ನಾಳೆ ಸರಿಹೋಗುತ್ತಾಳೆ ಅಂತ.

ಮಾರನೇ ದಿನ ಬೆಳಿಗ್ಗೆ ನಾನು ಸೆರಗನ್ನು ಸೊಂಟಕ್ಕೆ ಸಿಕ್ಕಿಸಿದೆ. ಗುದ್ದಲಿ ತಗೊಂಡೆ. ಬಾಳೆತೋಟಕ್ಕೆ ಕೇರಿಯ ಹಿಂದಿನಿಂದ ಹತ್ತಿರದ ದಾರಿ ಇದೆ. ನಾನು ಊರೊಳಗೆ ಹೋದೆ. ಬೀದಿಯ ನಡುವೆ ನಡೆದೆ. ಬಾಯಿ ಬರಿದಾಗಿತ್ತು. ಗಾಳಿ ತುಟಿಗೆ ತಾಗಿ ಉರಿಯಿತು. ಚನ್ನಬಸವಣ್ಣನ ಅಂಗಡಿಯ ಮುಂದೆ ನಿಂತೆ.

"ಕಾಲು ಕೇಜಿ ಬೆಲ್ಲ ಕೊಡಣ್ಣ."

ಇಪ್ಪತ್ತೆರಡು ವರ್ಷದಿಂದ ನನಗೆ ಸಾಮಾನು ಕೊಟ್ಟವನು. ನನ್ನ ದನಿ ಕೇಳಿ ತಕ್ಕಡಿ ಕೈಬಿಟ್ಟ.

"ಮರಮ್ಮ, ಬಾಯಿ..."

"ಅದೆ ಕಣಣ್ಣ, ಬಾಯಿ ಅದೆ. ಬೆಲ್ಲ ಕೊಡು."

ಕೊಟ್ಟ. ಒಂದು ಚೂರು ಬಾಯಿಗೆ ಹಾಕಿಕೊಂಡು ಹೊರಟೆ. ಹಿಂದೆ ಯಾರೋ ಸೈಕಲ್ ಹತ್ತಿ ಗಂಗಾಧರಪ್ಪನವರ ಮನೆಯ ಕಡೆ ಹೋದರು.

ತೋಟದಲ್ಲಿ ಸುಂದ್ರಮ್ಮನವರು ಬಾಳೆ ಎಲೆ ಕೊಯ್ಯುತ್ತಿದ್ದರು. ನಾನು ಬದು ಹತ್ತಿದ್ದನ್ನು ನೋಡಿ ಕುಡುಗೋಲು ಹಿಡಿದೇ ನಿಂತುಬಿಟ್ಟರು. "ಅಯ್ಯೋ, ಇಲ್ಲಿಗ್ಯಾಕ್ ಬಂದೆ? ಹೋಗಮ್ಮಿ, ಹರಳು ಕೆಡ್ತದೆ," ಅಂದರು. ನಾನು ಮೂಲೆಗೆ ಹೋಗಿ ಅಗೆಯಲು ಶುರು ಮಾಡಿದೆ. ಕೆಂಪು ಮಣ್ಣು, ಮಳೆಗೆ ಕೂತು ಗಟ್ಟಿಯಾಗಿತ್ತು. ಹನ್ನೊಂದು ದಿನ ಕೂತ ಸೊಂಟ ಇನ್ನೂ ನೆಟ್ಟಗಾಗಿರಲಿಲ್ಲ. ಮೂರು ಏಟಿಗೊಮ್ಮೆ ನಿಂತು ಉಸಿರು ಬಿಟ್ಟೆ. ಅಂಗೈಯ ಚರ್ಮ ಕಿತ್ತುಬಂತು. ಮೊಣಕಾಲುದ್ದ ಹೋದ ಮೇಲೆ ಗುದ್ದಲಿಗೆ ಟಕ್ ಅಂತ ತಾಗಿತು. ಆಮೇಲೆ ಕೈಯಲ್ಲೇ ಮಣ್ಣು ತೆಗೆದೆ.

ಬೆಚ್ಚಗಿತ್ತು. ಎತ್ತಿ ಕಿವಿಗೆ ಇಟ್ಟುಕೊಂಡೆ.

ಕನ್ನಡಕ ಹಾಕಿಕೊಂಡರೆ ಅವ್ವನ ಮೂಗು ಹೇಗೆ ಕಾಣುತ್ತದೆ ಅಂತ ನಾನೇ ಹೇಳಿ ನಾನೇ ನಗುತ್ತಿದ್ದೆ. ನಡುವೆ ಅವಳು ಹೂಂ ಅನ್ನಲಿ ಅಂತ ಸ್ವಲ್ಪ ನಿಲ್ಲಿಸುತ್ತಿದ್ದೆ. ಆ ನಿಲ್ಲಿಸಿದ ಜಾಗವೂ ಹರಳಿನಲ್ಲಿ ಹಾಗೇ ಇತ್ತು.

ಈ ಮಾತಿನಲ್ಲಿ ಬಾಳೆಗೆ ಹೇಳಿದ್ದು ಒಂದೂ ಇರಲಿಲ್ಲ. ಗಂಗಾಧರಪ್ಪನವರಿಗೆ ಹೇಳಿದ್ದೂ ಇರಲಿಲ್ಲ. ಎಲ್ಲ ಅವಳಿಗೆ ಆಡಿದ್ದು. ಅವಳಿಗೆ ಮುಟ್ಟಿರಲಿಲ್ಲ.

ಸೆರಗಿನಲ್ಲಿ ಸುತ್ತಿ ಸೊಂಟದ ಮೇಲಿಟ್ಟುಕೊಂಡು ಬದು ಇಳಿದೆ. ಗೋಮಾಳಕ್ಕೆ ಹೋಗಿ ಅವ್ವನ ಎದೆಯ ಹತ್ತಿರ ಬರುವ ಹಾಗೆ ಗುಂಡಿ ತೆಗೆದೆ. ಅಲ್ಲಿಯ ಮಣ್ಣು ಸಡಿಲವಾಗಿತ್ತು, ಬೇಗ ಆಯಿತು. ಹರಳು ಇಟ್ಟು ಮಣ್ಣು ಎಳೆದೆ. ಕಾಲಿನಿಂದ ತುಳಿಯಲು ಮನಸ್ಸು ಬರಲಿಲ್ಲ. ಅಂಗೈಯಿಂದಲೇ ತಟ್ಟಿದೆ.

ಆಗ ಬಂದರು. ಗಂಗಾಧರಪ್ಪನವರು, ಗೌರೀಶ, ಹಿಂದೆ ಏದುತ್ತ ಸುಂದ್ರಮ್ಮನವರು. ಅವರ ಟ್ರ್ಯಾಕ್ಟರ್ ಓಡಿಸುವ ನಮ್ಮ ಕೇರಿಯ ಕುಮಾರನನ್ನೂ ಕರೆತಂದಿದ್ದರು. ಕೇರಿಯವರು ಒಬ್ಬೊಬ್ಬರೇ ಮನೆಯಿಂದ ಹೊರಗೆ ಬಂದು ದೂರದಲ್ಲಿ ನಿಂತರು.

"ಕಳ್ತನ ಇದು," ಅಂದ ಗೌರೀಶ. "ಕೇಸ್ ಹಾಕ್ತೀನಿ. ಪೊಲೀಸ್ನೋರ್ನ ಕರ್ಕಂಡೇ ಬತ್ತೀನಿ."

"ಕರ್ಕಂಬಾಪ್ಪ. ಅವ್ರೂ ಕಿವಿ ಇಟ್ಟು ಕೇಳ್ಲಿ. ಒಳಗೆ ಇರದು ಯಾರ್ ಮಾತು, ಯಾರಿಗ್ ಆಡಿದ್ ಮಾತು, ಒಂದೊಂದೇ ಬುಡ್ಸಿ ಯೋಳ್ತೀನಿ."

ಗಂಗಾಧರಪ್ಪನವರು ನನ್ನ ಕಡೆ ನೋಡಲಿಲ್ಲ. "ಕುಮಾರ, ಅಗೀಲಾ," ಅಂದರು.

ಕುಮಾರ ಗುದ್ದಲಿ ಎತ್ತಿಕೊಂಡ. ಎತ್ತಿಕೊಂಡು ಮಣ್ಣಿನ ಉಬ್ಬು ನೋಡುತ್ತ ನಿಂತ. ಅವನಿಗೆ ಎರಡು ಮಕ್ಕಳು. ಅವನ ಮನೆ ನಡೆಯುವುದು ಆ ಟ್ರ್ಯಾಕ್ಟರಿನಿಂದ. ಆಮೇಲೆ ಗುದ್ದಲಿಯನ್ನು ಗಂಗಾಧರಪ್ಪನವರ ಕಾಲ ಮುಂದೆ ಮೆಲ್ಲಗೆ ಇಟ್ಟ.

"ಮಣ್ಣಾಕಿದ್ ಕೈ ಬುದ್ಧಿ ಇದು. ತೆಗ್ಯಾಕಾಗಾಕಿಲ್ಲ. ಬೇಕಾದ್ರೆ ನೀವೇ ತೆಕ್ಕಳಿ."

"ಏನಂದೆಲಾ?"

"ನೀವೇ ತೆಕ್ಕಳಿ ಅಂದೆ."

ಗಂಗಾಧರಪ್ಪನವರು ಕೇರಿಯವರ ಕಡೆ ತಿರುಗಿದರು. ಒಬ್ಬೊಬ್ಬರನ್ನೇ ನೋಡಿದರು. ಯಾರೂ ಮುಂದೆ ಬರಲಿಲ್ಲ. ಗೌರೀಶ ಪ್ಯಾಂಟು ಮಡಚಿ ಗುದ್ದಲಿಗೆ ಕೈ ಹಾಕಿದ. ಸುಂದ್ರಮ್ಮನವರು ಅವನ ರಟ್ಟೆ ಹಿಡಿದರು.

"ಮುಟ್ಬ್ಯಾಡ ಗೌರೀಶ. ಕೇರಿ ಹೆಣದ ಗುಂಡಿ ಕಣೋ ಅದು."

"ನೀರು ಹೊಯ್ಕಂಡ್ರೆ ಆಯ್ತದೆ ಬುಡವ್ವ. ಹರಳಿಗೂ ಹೊಯ್ಯಲ್ವಾ?"

"ಉಗುಳಿಗೆ ನೀರದೆ. ಹೆಣದ ಮಣ್ಣಿಗೆ ಯಾವ್ ನೀರೋ? ಅದ್ನ ತಂದು ದೇವ್ರ ಮನೇಲಿ ಇಡ್ತೀಯಾ? ಮುಟ್ಟುದ್ರೆ ಹೊಸ್ಲು ದಾಟ್ಸಾಕಿಲ್ಲ ನಿನ್ನ, ಈಗ್ಲೇ ಹೇಳಿವ್ನಿ."

ಗೌರೀಶ ಅಪ್ಪನ ಮುಖ ನೋಡಿದ. ಗಂಗಾಧರಪ್ಪನವರು ನೆಲ ನೋಡಿದರು. ಮೂರು ಜನ, ಒಂದು ಗುದ್ದಲಿ, ಒಂದೂವರೆ ಅಡಿ ಸಡಿಲ ಮಣ್ಣು. ಯಾರ ಕೈಯೂ ಮುಂದೆ ಬರಲಿಲ್ಲ. ಬಿಸಿಲು ಏರಿತು. ಗಂಗಾಧರಪ್ಪನವರು ಟವೆಲಿನಿಂದ ಕತ್ತು ಒರೆಸಿಕೊಂಡರು. ಆಮೇಲೆ ಮೊದಲ ಸಲ ನನ್ನ ಮುಖ ನೋಡಿ ಮಾತಾಡಿದರು. ದನಿ ಇಳಿದಿತ್ತು.

"ನನ್ ಬಾಳೆ ಹೋಯ್ತದೆ ಮರಮ್ಮ."

"ಹೋಗ್ಲಿ ಗಂಗಾಧರಪ್ನೋರೆ."

ಬುದ್ಧಿ ಅನ್ನಲಿಲ್ಲ ನಾನು. ಅದು ಅವರಿಗೂ ಕೇಳಿಸಿತು, ಕೇರಿಗೂ ಕೇಳಿಸಿತು.

ಅವರು ಹೋದರು. ಕೇರಿಯಲ್ಲಿ ಯಾರೂ ಗೆದ್ದ ಹಾಗೆ ಕಾಣಲಿಲ್ಲ. ಹೆದರಿಕೆ ಎಲ್ಲರ ಮುಖದಲ್ಲೂ ಇತ್ತು. ಪುಟ್ಟಿ ಹತ್ತಿರ ಬಂದು ಕೇಳಿದಳು:

"ನಾಳೆ ಕೆಲ್ಸಕ್ಕೆ ಏನಕ್ಕ ಮಾಡದು?"

"ಕಂಪಲಾಪುರದ ಕಡೆ ಶುಂಠಿ ಕೀಳ್ತಾವ್ರೆ," ಅಂದ ಕುಮಾರ. "ಬೆಳಿಗ್ಗೆ ಬಸ್ಸಿಗೆ ಹೋಗನ." ಟ್ರ್ಯಾಕ್ಟರಿನ ಬೀಗದ ಕೈ ಅವನ ಜೇಬಿನಲ್ಲೇ ಉಳಿದಿತ್ತು. ತೆಗೆದು ನೋಡಿದ. ವಾಪಸು ಕೊಟ್ಟು ಬರುತ್ತೇನೆ ಅಂತ ಹೋದ. ಪುಟ್ಟಿ, ಒಲೆ ಮೇಲೆ ಎಸರಿಟ್ಟು ಬಂದಿವ್ನಿ ಅಂತ ಹೋದಳು. ಉಳಿದವರೂ ಹೋದರು.

ನಾನು ಅಲ್ಲೇ ಕೂತೆ. ಮಣ್ಣಿಗೆ ಕಿವಿ ಇಟ್ಟರೆ ಕೇಳುತ್ತಿತ್ತೋ ಏನೋ. ಇಡಲಿಲ್ಲ. ಅದು ಬೇರೆ ಇಬ್ಬರ ಮಾತು ಅನ್ನಿಸಿತು, ಆಗ ಗುಡ್ಲಿನಲ್ಲಿ ಮಾತಾಡಿದ ನನ್ನದು ಮತ್ತು ಅವ್ವನದು. ಈಗ ಕೂತಿರುವ ನನಗೆ ಆಡಲು ಏನೂ ಇರಲಿಲ್ಲ.

ಕೇರಿಯೊಳಗೆ ನಲ್ಲಿಗೆ ನೀರು ಬಂತು ಅಂತ ಕಾಣುತ್ತದೆ. ಕೊಡದ ಪಾಳಿಗೆ ಯಾರೋ ಜಗಳ ಶುರು ಮಾಡಿದರು. ಪುಟ್ಟಿಯ ದನಿ ಎಲ್ಲರಿಗಿಂತ ಮೇಲೆ ಕೇಳುತ್ತಿತ್ತು. ಯಾರೋ ಅವಳಿಗೆ ಏನೋ ಅಂದರು, ನಾಲ್ಕು ಜನ ನಕ್ಕರು. ನನ್ನನ್ನು ಯಾರೂ ಕರೆಯಲಿಲ್ಲ. ನಾನೂ ಏಳಲಿಲ್ಲ. ಕೇಳುತ್ತ ಕೂತೆ.